ಮನೆಗೊಂದೇ ಮೊಬೈಲ್ ಇದ್ದರೂ ಮಕ್ಕಳನ್ನು ಸೋಷಿಯಲ್ ಮೀಡಿಯಾದ ಹಾನಿಯಿಂದ ಕಾಯುವುದು ಹೇಗೆ?

ಶಿಡ್ಲಘಟ್ಟದ ಕಡೆ ರೇಷ್ಮೆ ಮನೆಗಳಲ್ಲಿ ಹುಳು ನಾಲ್ಕನೇ ಜ್ವರ (ಪೊರೆ ಕಳಚುವ ನಿದ್ದೆ) ಎದ್ದರೆ ಮುಂದಿನ ಒಂದು ವಾರ ಯಾರಿಗೂ ಪುರುಸೊತ್ತಿರುವುದಿಲ್ಲ. ಬೆಳಗಿನ ಜಾವಕ್ಕೇ ಸೊಪ್ಪು ಕೊಯ್ಯಬೇಕು, ಹೊತ್ತು ಹೊತ್ತಿಗೆ ಹಾಕಬೇಕು, ಹಣ್ಣಾದ ಹುಳುಗಳನ್ನು ಆಯ್ದು ಗೂಡು ಕಟ್ಟುವ ಚಂದ್ರಿಕೆಗೆ ಬಿಡಬೇಕು. ಆ ವಾರವೆಲ್ಲ ಮನೆಯ ಮೊಬೈಲ್ ಮಕ್ಕಳ ಕೈಯಲ್ಲೇ. ಕೋಲಾರದ ಕಡೆ ಟೊಮೆಟೊ ಕೀಳುವ ದಿನಗಳಲ್ಲಿ, ನರಸಾಪುರ, ವೇಮಗಲ್‌ನ ಫ್ಯಾಕ್ಟರಿಗಳಲ್ಲಿ ಅಮ್ಮನಿಗೆ ಸೆಕೆಂಡ್ ಶಿಫ್ಟ್ ಬಿದ್ದಾಗ ಕೂಡ ಇದೇ ಕತೆ. "ಮಕ್ಕಳಿಗೆ ಮೊಬೈಲ್ ಕೊಡಲೇಬೇಡಿ" ಎಂಬ ಬುದ್ಧಿಮಾತು ಇಂಥ ಮನೆಗಳಲ್ಲಿ ನಡೆಯುವುದಿಲ್ಲ.

ನಾನು ಹೈಸ್ಕೂಲಿನಲ್ಲಿ ಪಾಠ ಮಾಡುವವಳು. ಪೋಷಕರ ಸಭೆಯಲ್ಲಿ ಪ್ರತಿ ಸಲವೂ ಯಾರಾದರೊಬ್ಬರು ಕೇಳುತ್ತಾರೆ: "ಹೇಳಿದ್ ಮಾತು ಕೇಳಲ್ಲ ಮೇಡಂ, ಫೋನ್ ಕಿತ್ಕೊಂಡು ಬೀರುಗೆ ಹಾಕ್ಬಿಡ್ಲಾ?" ಬೇಡ ಎನ್ನುತ್ತೇನೆ. ಕಿತ್ತುಕೊಂಡ ಫೋನಿನ ಜಾಗಕ್ಕೆ ಗೆಳೆಯನ ಫೋನ್ ಬರುತ್ತದೆ, ಕಳ್ಳ ಅಕೌಂಟ್ ಬರುತ್ತದೆ. ಅದಕ್ಕಿಂತ ಕೆಟ್ಟದ್ದೆಂದರೆ, ನಿಜವಾಗಿ ಅಪಾಯ ಬಂದ ದಿನ ಮಗು ನಿಮ್ಮ ಹತ್ತಿರ ಬಾಯಿ ಬಿಡುವುದಿಲ್ಲ. ಕೆಳಗೆ ಹೇಳುವ ಒಂದೊಂದು ಹೆಜ್ಜೆಯೂ ಆ ದಿನ ಮಗು ನಿಮ್ಮ ಬಳಿಗೇ ಬರಬೇಕು ಎಂಬ ಲೆಕ್ಕದಲ್ಲಿಯೇ ಇದೆ.

ಮೊದಲು ತಿಳಿದುಕೊಳ್ಳಿ: ಹಾನಿ ಎಲ್ಲಿಂದ ಬರುತ್ತದೆ

ಮಗು ಗಂಟೆಗಟ್ಟಲೆ ರೀಲ್ಸ್ ನೋಡುವುದಕ್ಕೆ ಅದರ ಸೋಮಾರಿತನವೊಂದೇ ಕಾರಣವಲ್ಲ. ಪುಟ ಮುಗಿಯದ ಹಾಗೆ ಕೆಳಗಿನಿಂದ ಹೊಸದು ಬರುತ್ತಲೇ ಇರುವ ವ್ಯವಸ್ಥೆಯನ್ನು 2006ರಲ್ಲಿ ರೂಪಿಸಿದ ಏಜಾ ರಾಸ್ಕಿನ್ ಎಂಬ ಇಂಜಿನಿಯರ್, ಅದಕ್ಕಾಗಿ ಮುಂದೆ ತಾನೇ ಬಹಿರಂಗವಾಗಿ ಪಶ್ಚಾತ್ತಾಪಪಟ್ಟ. ಫೇಸ್‌ಬುಕ್ಕಿಗೆ ಲೈಕ್ ಗುಂಡಿ ಬಂದದ್ದು 2009ರಲ್ಲಿ. ಭಾರತದಲ್ಲಿ 2020ರ ಜೂನ್ ಕೊನೆಗೆ ಟಿಕ್‌ಟಾಕ್ ನಿಷೇಧವಾಯಿತು; ಕೆಲವೇ ತಿಂಗಳಲ್ಲಿ ಇನ್‌ಸ್ಟಾಗ್ರಾಂ ರೀಲ್ಸ್, ಯೂಟ್ಯೂಬ್ ಶಾರ್ಟ್ಸ್ ಅದರ ಜಾಗದಲ್ಲಿ ಕುಳಿತವು. ಯಾವ ವಿಡಿಯೊ ಮುಂದೆ ನಿಮ್ಮ ಬೆರಳು ಒಂದು ಕ್ಷಣ ತಡೆಯಿತು ಎಂಬುದನ್ನೂ ಅವು ಲೆಕ್ಕ ಇಡುತ್ತವೆ, ಅಂಥದ್ದನ್ನೇ ಮತ್ತೆ ಮುಂದಿಡುತ್ತವೆ. ಬೇಸರದಲ್ಲಿರುವ ಮಗುವಿಗೆ ಬೇಸರದ ರೀಲ್ಸೇ ಸಾಲಾಗಿ ಬರುವುದು ಹೀಗೆ.

ಕಂಪನಿಯವರಿಗೂ ಇದು ತಿಳಿಯದ್ದಲ್ಲ. ಫೇಸ್‌ಬುಕ್ಕಿನ ಒಳಗಿನ ಕಾಗದಪತ್ರಗಳನ್ನು ಅಲ್ಲೇ ಕೆಲಸ ಮಾಡಿದ್ದ ಫ್ರಾನ್ಸಿಸ್ ಹೌಗೆನ್ 2021ರಲ್ಲಿ ಹೊರತಂದರು. ಇನ್‌ಸ್ಟಾಗ್ರಾಂ ಕೂಡ ಫೇಸ್‌ಬುಕ್ ಕಂಪನಿಯದೇ. ತಮ್ಮ ಮೈಕಟ್ಟಿನ ಬಗ್ಗೆ ಬೇಸರವಿದ್ದ ಹದಿಹರೆಯದ ಹುಡುಗಿಯರಲ್ಲಿ ಶೇ. 32ರಷ್ಟು ಮಂದಿ, ಇನ್‌ಸ್ಟಾಗ್ರಾಂ ಆ ಬೇಸರವನ್ನು ಇನ್ನೂ ಹೆಚ್ಚಿಸಿತು ಎಂದಿದ್ದು ಕಂಪನಿಯದೇ ಸಮೀಕ್ಷೆಯಲ್ಲಿತ್ತು. ದಿನಕ್ಕೆ 3 ಗಂಟೆಗಿಂತ ಹೆಚ್ಚು ಹೊತ್ತು ಸೋಷಿಯಲ್ ಮೀಡಿಯಾದಲ್ಲಿರುವ ಹದಿಹರೆಯದವರಲ್ಲಿ ಖಿನ್ನತೆ, ಆತಂಕದಂಥ ತೊಂದರೆಯ ಅಪಾಯ ಎರಡು ಪಟ್ಟು ಎಂದು ಅಮೆರಿಕ ಸರ್ಕಾರದ ಉನ್ನತ ವೈದ್ಯಾಧಿಕಾರಿ (ಸರ್ಜನ್ ಜನರಲ್) 2023ರಲ್ಲಿ ಎಚ್ಚರಿಸಿದರು. ಹಾಗೆಂದು ಫೋನ್ ಹಿಡಿದ ಮಕ್ಕಳೆಲ್ಲ ಖಿನ್ನತೆಗೆ ಬೀಳುತ್ತಾರೆ ಎಂದಲ್ಲ. ಮೊದಲೇ ಒಂಟಿಯಾಗಿರುವ, ನಿದ್ದೆಗೆಟ್ಟ, ಕ್ಲಾಸಿನಲ್ಲಿ ಗೇಲಿಗೆ ಸಿಕ್ಕ ಮಗುವಿಗೆ ಪೆಟ್ಟು ಹೆಚ್ಚು.

"ನಮ್ದು ಹಳ್ಳಿ, ನಮ್ಮ ಮಕ್ಕಳಿಗೆ ಅದೆಲ್ಲ ಎಲ್ಲಿ ಗೊತ್ತು" ಎನ್ನುವವರೂ ಇದ್ದಾರೆ. ಗ್ರಾಮೀಣ ಭಾರತದ ಮಕ್ಕಳ ಬಗ್ಗೆ ನಡೆಯುವ ಅಸರ್ ಸಮೀಕ್ಷೆಯ 2024ರ ವರದಿ ನೋಡಿ: ಫೋನ್ ಬಳಸಲು ಬರುವ 14ರಿಂದ 16 ವಯಸ್ಸಿನ ಮಕ್ಕಳಲ್ಲಿ ಹಿಂದಿನ ವಾರ ಅದನ್ನು ಓದಿಗೆ ಬಳಸಿದವರು ಶೇ. 57, ಸೋಷಿಯಲ್ ಮೀಡಿಯಾಕ್ಕೆ ಬಳಸಿದವರು ಶೇ. 76.

ಹೆಜ್ಜೆ 1: ಫೋನಿನ ಲೆಕ್ಕದಲ್ಲಿ ನಿಮ್ಮ ಮಗುವಿಗೆ ಎಷ್ಟು ವಯಸ್ಸು?

ಇದನ್ನು ಇವತ್ತೇ ನೋಡಿ. ನಮ್ಮ ಕಡೆ ಬಹುಪಾಲು ಮನೆಗಳಲ್ಲಿ ಮಗು ನೋಡುವುದು ಅಪ್ಪನ ಗೂಗಲ್ ಅಕೌಂಟಿನಲ್ಲಿ. ಯೂಟ್ಯೂಬಿನ ಪ್ರಕಾರ ಆಗ ವಿಡಿಯೊ ನೋಡುತ್ತಿರುವುದು ನಲವತ್ತು ದಾಟಿದ ಗಂಡಸು. ಇನ್‌ಸ್ಟಾಗ್ರಾಂ ಅಕೌಂಟನ್ನು ಮಗುವೇ ತೆರೆದಿದ್ದರೆ ಹುಟ್ಟಿದ ವರ್ಷವನ್ನು ಕೈಗೆ ಬಂದದ್ದು ಹಾಕಿರುತ್ತದೆ. ಕಂಪನಿಗಳು ಮಕ್ಕಳಿಗೆಂದು ಇಟ್ಟಿರುವ ಸಣ್ಣಪುಟ್ಟ ಬೇಲಿಗಳೂ ಈ ಒಂದು ಸುಳ್ಳಿನಿಂದ ಕಿತ್ತುಹೋಗುತ್ತವೆ.

ಇನ್‌ಸ್ಟಾಗ್ರಾಂ, ಫೇಸ್‌ಬುಕ್, ಸ್ನ್ಯಾಪ್‌ಚಾಟ್, ವಾಟ್ಸ್ಆ್ಯಪ್ ಎಲ್ಲದಕ್ಕೂ ಕಂಪನಿಯ ನಿಯಮದಂತೆ ಕನಿಷ್ಠ 13 ವರ್ಷ ಆಗಿರಬೇಕು. ಆರು, ಏಳನೇ ಕ್ಲಾಸಿನ ಮಗುವಿಗೆ ಸ್ವಂತ ಅಕೌಂಟ್ ಇದ್ದರೆ ಜೊತೆಯಲ್ಲಿ ಕುಳಿತು ಅಳಿಸಿಹಾಕಿ. ಇಲ್ಲಿ ನಾನು ಯಾವ ರಾಜಿಯನ್ನೂ ಒಪ್ಪುವುದಿಲ್ಲ. ಹದಿಮೂರು ದಾಟಿದವರಾದರೆ ಇನ್‌ಸ್ಟಾಗ್ರಾಂನ ಅಕೌಂಟ್ಸ್ ಸೆಂಟರ್‌ಗೆ ಹೋಗಿ ಪರ್ಸನಲ್ ಡೀಟೇಲ್ಸ್‌ನಲ್ಲಿ ಹುಟ್ಟಿದ ದಿನಾಂಕ ಸರಿಪಡಿಸಿ. 2025ರ ಫೆಬ್ರವರಿಯಿಂದ ಭಾರತದಲ್ಲೂ 18ರ ಒಳಗಿನವರಿಗೆ ಟೀನ್ ಅಕೌಂಟ್ ಬಂದಿದೆ. ಅದರಲ್ಲಿ ಅಕೌಂಟ್ ತಾನಾಗಿಯೇ ಪ್ರೈವೇಟ್ ಆಗಿರುತ್ತದೆ, ಗುರುತಿಲ್ಲದವರು ಮೆಸೇಜ್ ಮಾಡಲು ಬರುವುದಿಲ್ಲ, ರಾತ್ರಿ 10ರಿಂದ ಬೆಳಿಗ್ಗೆ 7ರವರೆಗೆ ನೋಟಿಫಿಕೇಶನ್ ನಿಲ್ಲುತ್ತದೆ. 16 ತುಂಬದವರು ಈ ಕಟ್ಟುಗಳನ್ನು ಸಡಿಲ ಮಾಡಬೇಕಾದರೆ ಪೋಷಕರ ಒಪ್ಪಿಗೆ ಬೇಕು.

ಆಸ್ಟ್ರೇಲಿಯಾದಲ್ಲಿ 16ರ ಒಳಗಿನವರು ಅಕೌಂಟ್ ಇಟ್ಟುಕೊಳ್ಳದಂತೆ ಮಾಡುವ ಕಾನೂನು 2025ರ ಡಿಸೆಂಬರ್ 10ರಿಂದ ಜಾರಿಯಲ್ಲಿದೆ. ನಮ್ಮಲ್ಲಿ 2023ರ ಡಿಜಿಟಲ್ ವೈಯಕ್ತಿಕ ಮಾಹಿತಿ ಸಂರಕ್ಷಣಾ ಕಾಯ್ದೆ 18ರ ಒಳಗಿನ ಎಲ್ಲರನ್ನೂ ಮಕ್ಕಳೆಂದೇ ಎಣಿಸುತ್ತದೆ. ಅವರ ಮಾಹಿತಿ ಬಳಸಲು ಪೋಷಕರ ಒಪ್ಪಿಗೆ ಬೇಕು, ಅವರಿಗೆ ಗುರಿಯಿಟ್ಟು ಜಾಹೀರಾತು ತೋರಿಸಬಾರದು ಎನ್ನುತ್ತದೆ. ಆದರೆ ಅಪ್ಪನ ಅಕೌಂಟಿನ ಹಿಂದೆ ಕುಳಿತ ಮಗು ಯಾವ ಕಾನೂನಿನ ಕಣ್ಣಿಗೂ ಬೀಳುವುದಿಲ್ಲ.

ಹೆಜ್ಜೆ 2: ಒಂದು ಮಾತು ಕೊಡಿ

ಸೆಟ್ಟಿಂಗ್ಸ್ ಮುಟ್ಟುವ ಮೊದಲು ಇದನ್ನು ಮಾಡಿ. ಊಟ ಆದ ಮೇಲೆ, ಯಾವ ಜಗಳವೂ ಇಲ್ಲದ ಒಂದು ರಾತ್ರಿ, ಮಗುವಿಗೆ ಹೀಗೆ ಹೇಳಿ: "ಫೋನಲ್ಲಿ ಯಾರಾದ್ರೂ ಹೆದರಿಸಿದ್ರೆ, ಫೋಟೋ ಕೇಳಿದ್ರೆ, ದುಡ್ಡು ಕೇಳಿದ್ರೆ ನನ್ನ ಹತ್ರ ಬಂದು ಹೇಳು. ನಿನ್ನ ತಪ್ಪಿದ್ರೂ ಹೇಳು. ನಾನು ಬೈಯಲ್ಲ, ಹೊಡಿಯಲ್ಲ, ಫೋನ್ ಕಿತ್ಕೊಳಲ್ಲ, ಸ್ಕೂಲ್ ಬಿಡ್ಸಲ್ಲ."

ಕೊನೆಯ ಮಾತನ್ನು ಹೆಣ್ಣುಮಕ್ಕಳಿಗೆ ಬಾಯಿಬಿಟ್ಟು ಹೇಳಲೇಬೇಕು. ನಮ್ಮ ಜಿಲ್ಲೆಗಳಲ್ಲಿ ಹುಡುಗಿಯ ಫೋನಿನಲ್ಲಿ ಯಾವನದೋ ಮೆಸೇಜ್ ಸಿಕ್ಕಿತೆಂದರೆ ಮೊದಲು ನಿಲ್ಲುವುದು ಅವಳ ಓದು. ವಿಷಯ ತಿಳಿಯುವಷ್ಟರಲ್ಲಿ ಸೋದರಮಾವನ ಕಡೆಯವರನ್ನು ಕರೆಸಿ ಮದುವೆ ಮಾತಾಡಿರುತ್ತಾರೆ. ಹುಡುಗಿಯರಿಗೆ ಇದು ಚೆನ್ನಾಗಿ ಗೊತ್ತು. ಬೆದರಿಸುವವನಿಗೂ ಗೊತ್ತು, "ನಿಮ್ಮಪ್ಪನಿಗೆ ಕಳಿಸ್ತೀನಿ" ಎಂಬ ಒಂದೇ ಮಾತಿನಲ್ಲಿ ಅವನು ಅವಳನ್ನು ತಿಂಗಳುಗಟ್ಟಲೆ ಆಡಿಸುತ್ತಾನೆ. ಅಪ್ಪ ತನ್ನ ಕಡೆಗೇ ನಿಲ್ಲುತ್ತಾನೆ ಎಂಬ ನಂಬಿಕೆ ಮಗಳಿಗಿದ್ದರೆ ಅವನ ಆಟ ಮೊದಲ ದಿನವೇ ಮುಗಿಯುತ್ತದೆ. ಈ ಮಾರ್ಗದರ್ಶಿಯಲ್ಲಿ ಒಂದೇ ಒಂದು ಹೆಜ್ಜೆ ಮಾಡಲು ನಿಮಗೆ ಸಮಯವಿದ್ದರೆ ಇದನ್ನೇ ಮಾಡಿ.

ಮಾತು ಕೊಟ್ಟ ಮೇಲೆ ಉಳಿಸಿಕೊಳ್ಳಬೇಕು. ಸಣ್ಣ ವಿಷಯ ಹೇಳಿಕೊಂಡು ಬಂದಾಗ ನಿಮ್ಮ ಮುಖ ಹೇಗಾಗುತ್ತದೆ ಎಂದು ಮಗು ನೋಡಿಟ್ಟುಕೊಳ್ಳುತ್ತದೆ. ದೊಡ್ಡದನ್ನು ಹೇಳಬೇಕೋ ಬೇಡವೋ ಎಂಬುದು ಅಲ್ಲೇ ತೀರ್ಮಾನವಾಗುತ್ತದೆ.

ಹೆಜ್ಜೆ 3: ಎಲ್ಲರೂ ಬಳಸುವ ಒಂದೇ ಫೋನನ್ನು ಸರಿಮಾಡುವುದು

ಆಂಡ್ರಾಯ್ಡ್ ಫೋನಿನ ಸೆಟ್ಟಿಂಗ್ಸ್‌ನಲ್ಲಿ ಮೇಲಿರುವ ಹುಡುಕುವ ಜಾಗದಲ್ಲಿ "ಯೂಸರ್ಸ್" ಎಂದು ಹುಡುಕಿ. ಮಲ್ಟಿಪಲ್ ಯೂಸರ್ಸ್ ಎಂದು ಬಂದರೆ ಮಗುವಿಗೆ ಬೇರೆ ಯೂಸರ್ ಮಾಡಬಹುದು. ನಿಮ್ಮ ವಾಟ್ಸ್ಆ್ಯಪ್, ಫೋಟೋ, ಬ್ಯಾಂಕಿನ ಆ್ಯಪ್ ಯಾವುದೂ ಅಲ್ಲಿ ಕಾಣುವುದಿಲ್ಲ. ಎಲ್ಲ ಕಂಪನಿಯ ಫೋನಿನಲ್ಲೂ ಈ ಸೌಲಭ್ಯ ಇರುವುದಿಲ್ಲ. ಇಲ್ಲದಿದ್ದರೆ "ಪಿನ್" ಎಂದು ಹುಡುಕಿ. ಆ್ಯಪ್ ಪಿನ್ನಿಂಗ್ ಎಂಬ ಒಂದು ಸೌಲಭ್ಯವಿದೆ, ಎಷ್ಟೋ ಜನರಿಗೆ ಗೊತ್ತೇ ಇಲ್ಲ. ಅದನ್ನು ಆನ್ ಮಾಡಿ, ಹೊರಬರಲು ಲಾಕ್ ಕೇಳುವಂತೆ ಇಟ್ಟು, ಹೋಂವರ್ಕ್ ನೋಡಬೇಕಾದ ಆ್ಯಪ್ ತೆರೆದು ಪಿನ್ ಮಾಡಿ ಕೊಟ್ಟರೆ ಫೋನ್ ಆ ಒಂದು ಆ್ಯಪಿನಲ್ಲೇ ನಿಂತುಬಿಡುತ್ತದೆ.

ಯೂಟ್ಯೂಬಿನಲ್ಲಿ ನಿಮ್ಮ ಪ್ರೊಫೈಲ್ ಚಿತ್ರ ಒತ್ತಿ ಸೆಟ್ಟಿಂಗ್ಸ್‌ಗೆ ಹೋಗಿ. ಜನರಲ್ ಒಳಗೆ ರಿಸ್ಟ್ರಿಕ್ಟೆಡ್ ಮೋಡ್ ಆನ್ ಮಾಡಿ. ಆಟೋಪ್ಲೇ ಆಫ್ ಮಾಡಿ. ಹಳೆಯ ವಾಚ್ ಹಿಸ್ಟರಿ ಅಳಿಸಿ, ಮುಂದೆ ದಾಖಲಾಗದಂತೆ ನಿಲ್ಲಿಸಿ. ಆಗ ಮೊದಲ ಪುಟದಲ್ಲಿ ಶಿಫಾರಸುಗಳು ತುಂಬಿಕೊಳ್ಳುವುದು ನಿಲ್ಲುತ್ತದೆ, ಬೇಕಾದ ಪಾಠವನ್ನು ಹುಡುಕಿ ನೋಡಬೇಕಾಗುತ್ತದೆ. ತೀರ ಚಿಕ್ಕ ಮಕ್ಕಳಿಗೆ ಯೂಟ್ಯೂಬ್ ಕಿಡ್ಸ್ ಹಾಕಿ, ನೀವು ಆರಿಸಿದ ವಿಡಿಯೊಗಳು ಮಾತ್ರ ಬರುವಂತೆ ಇಡಬಹುದು. ಊಟ ಮಾಡಿಸಲು ಮೊಬೈಲ್ ಹಿಡಿಯುವ ತಾಯಂದಿರಿಗೆ ಒಂದು ಮಾತು: 2ರಿಂದ 4 ವರ್ಷದ ಮಕ್ಕಳಿಗೆ ದಿನಕ್ಕೆ ಒಂದು ಗಂಟೆ ಮೀರಬಾರದು, ಒಂದು ವರ್ಷದೊಳಗಿನ ಕೂಸಿಗೆ ಪರದೆಯೇ ಬೇಡ ಎಂದು ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲೇ ಹೇಳಿದೆ.

ಫೋನ್‌ಪೇ, ಗೂಗಲ್ ಪೇಗೆ ಆ್ಯಪ್ ಲಾಕ್ ಹಾಕಿ. ಯುಪಿಐ ಪಿನ್ ಮಕ್ಕಳಿಗೆ ತಿಳಿಯಕೂಡದು, "ಅವನೇ ನನಗಿಂತ ಚೆನ್ನಾಗಿ ಮಾಡ್ತಾನೆ" ಎಂಬ ಹೆಮ್ಮೆ ಇದ್ದರೂ ಕೂಡ.

ಹಾಗೇ ಶಾಲೆಯವರನ್ನೂ ಕೇಳಿ. ಹೋಂವರ್ಕನ್ನು ವಾಟ್ಸ್ಆ್ಯಪ್ ಗ್ರೂಪಿನಲ್ಲಿ ಹಾಕಿ ಮಗುವಿನ ಕೈಗೆ ಫೋನ್ ಕೊಡಿಸುತ್ತಿರುವವರಲ್ಲಿ ನಾವು ಶಿಕ್ಷಕರೂ ಇದ್ದೇವೆ. ಡೈರಿಯಲ್ಲಿ ಬರೆಸಿ ಎಂದು ನಾಲ್ಕು ಪೋಷಕರು ಒಟ್ಟಾಗಿ ಕೇಳಿದರೆ ಯಾವ ಮುಖ್ಯಶಿಕ್ಷಕರೂ ಇಲ್ಲ ಎನ್ನಲಾರರು.

ಹೆಜ್ಜೆ 4: ಸ್ವಂತ ಫೋನ್ ಇರುವ ಹದಿಹರೆಯದವರಿಗೆ

ಪಿಯುಸಿಗೆ ಬಸ್ಸಿನಲ್ಲಿ ಚಿಂತಾಮಣಿಗೋ ಚಿಕ್ಕಬಳ್ಳಾಪುರಕ್ಕೋ ಹೋಗಿಬರುವ ಮಗುವಿಗೆ ಫೋನ್ ಬೇಕಾಗುತ್ತದೆ. ಕರೆ ಮಾಡಲಷ್ಟೇ ಬೇಕಾದರೆ ಕೀಪ್ಯಾಡ್ ಫೋನ್ ಸಾಕು. ಸ್ಮಾರ್ಟ್‌ಫೋನ್ ಕೊಡಿಸುವುದಾದರೆ ಮೊದಲ ದಿನವೇ ಗೂಗಲ್ ಫ್ಯಾಮಿಲಿ ಲಿಂಕ್ ಹಾಕಿ. ದಿನಕ್ಕೆ ಎಷ್ಟು ಹೊತ್ತು, ರಾತ್ರಿ ಎಷ್ಟಕ್ಕೆ ಲಾಕ್, ಯಾವ ಆ್ಯಪ್ ಹಾಕಿಕೊಳ್ಳಬಹುದು ಎಂಬುದನ್ನೆಲ್ಲ ನಿಮ್ಮ ಫೋನಿನಿಂದಲೇ ನಿಗದಿ ಮಾಡಬಹುದು. ಇನ್‌ಸ್ಟಾಗ್ರಾಂನಲ್ಲಿ ಸೂಪರ್‌ವಿಷನ್ ಇದೆ. ಅದಕ್ಕೆ ನಿಮಗೂ ಒಂದು ಅಕೌಂಟ್ ಬೇಕು. ಮಗು ಇತ್ತೀಚೆಗೆ ಯಾರ ಜೊತೆ ಮೆಸೇಜ್ ಮಾಡಿದೆ ಎಂಬುದು ಕಾಣುತ್ತದೆ, ಏನು ಬರೆದಿದೆ ಎಂಬುದು ಕಾಣುವುದಿಲ್ಲ. ಅಷ್ಟು ಮರೆ ಹದಿನಾರರ ಮಗುವಿಗೆ ಇರಬೇಕು ಎಂಬುದು ನನ್ನ ಅಭಿಪ್ರಾಯ. ಕದ್ದು ಮೆಸೇಜ್ ಓದಿ ಸಿಕ್ಕಿಬಿದ್ದರೆ ಎರಡನೇ ಹೆಜ್ಜೆಯಲ್ಲಿ ಕೊಟ್ಟ ಮಾತಿಗೆ ಬೆಲೆ ಉಳಿಯುವುದಿಲ್ಲ.

ವಾಟ್ಸ್ಆ್ಯಪ್ ಪ್ರೈವಸಿಯಲ್ಲಿ ಪ್ರೊಫೈಲ್ ಫೋಟೋ, ಗ್ರೂಪ್ಸ್ ಎರಡನ್ನೂ ಮೈ ಕಾಂಟ್ಯಾಕ್ಟ್ಸ್ ಎಂದು ಇಡಿ. ಕಾಲ್ಸ್ ಒಳಗೆ ಗುರುತಿಲ್ಲದ ನಂಬರಿನ ಕರೆ ಸದ್ದು ಮಾಡದಂತೆ ಮಾಡುವ ಆಯ್ಕೆಯೂ ಇದೆ.

ಗಂಡುಮಕ್ಕಳ ಮನೆಯವರು ವೀಲಿಂಗ್ (ಬೈಕಿನ ಮುಂದಿನ ಚಕ್ರ ಎತ್ತಿ ಓಡಿಸುವ) ರೀಲ್ಸ್ ವಿಷಯದಲ್ಲಿ ಗಟ್ಟಿಯಾಗಿರಿ. ಹೈವೇಯ ಸರ್ವೀಸ್ ರೋಡಿನಲ್ಲಿ ಸಂಜೆ ಹೊತ್ತು ಯಾರು ಏನು ಮಾಡುತ್ತಾರೆ ಎಂದು ಇಲ್ಲಿನವರಿಗೆ ಹೇಳಬೇಕಿಲ್ಲ. ಅಪ್ರಾಪ್ತರು ಗಾಡಿ ಓಡಿಸಿ ಸಿಕ್ಕಿಬಿದ್ದರೆ ಮೋಟಾರು ವಾಹನ ಕಾಯ್ದೆಯ 199ಎ ಕಲಂ ಪ್ರಕಾರ ಪೋಷಕರಿಗೆ ಅಥವಾ ಗಾಡಿ ಮಾಲೀಕರಿಗೆ 25,000 ರೂಪಾಯಿ ದಂಡ, 3 ವರ್ಷದವರೆಗೆ ಜೈಲು. ಗಾಡಿಯ ನೋಂದಣಿ ಒಂದು ವರ್ಷ ರದ್ದು. ಹುಡುಗನಿಗೆ 25 ತುಂಬುವವರೆಗೆ ಲೈಸೆನ್ಸ್ ಇಲ್ಲ.

ಹೆಜ್ಜೆ 5: ರಾತ್ರಿ

ಹದಿಹರೆಯದವರಿಗೆ 8ರಿಂದ 10 ಗಂಟೆ ನಿದ್ದೆ ಬೇಕು. ಬೆಳಗಿನ ಮೊದಲ ಪೀರಿಯಡ್ಡಿನಲ್ಲಿ ಯಾರು ರಾತ್ರಿ ರೀಲ್ಸ್ ನೋಡಿದ್ದಾರೆ ಎಂದು ಮುಖ ನೋಡಿಯೇ ನನಗೆ ತಿಳಿಯುತ್ತದೆ: ಪುಸ್ತಕ ತೆರೆದಿರುತ್ತದೆ, ಪೆನ್ನು ಕೈಯಲ್ಲಿರುತ್ತದೆ, ಬೋರ್ಡಿನ ಮೇಲಿದ್ದದ್ದು ಅಳಿಸಿದರೂ ಕಣ್ಣು ಅಲ್ಲೇ ನೆಟ್ಟಿರುತ್ತದೆ. ಚಾರ್ಜರ್‌ಗಳನ್ನೆಲ್ಲ ನಡುಮನೆಯ ಒಂದೇ ಪಾಯಿಂಟಿಗೆ ತನ್ನಿ. ಒಂಬತ್ತೂವರೆಗೆ ಮನೆಯ ಎಲ್ಲ ಫೋನುಗಳೂ ಅಲ್ಲಿಗೆ, ಅಪ್ಪನದೂ ಸೇರಿ. ಅಲಾರಂಗೆ ಫೋನ್ ಬೇಕು ಎಂದರೆ ಒಂದು ಗಡಿಯಾರ ತಂದುಕೊಡಿ. ಎಸ್‌ಎಸ್‌ಎಲ್‌ಸಿ ವರ್ಷದಲ್ಲಿ ಟ್ಯೂಷನ್ನಿಗೆ ಸುರಿಯುವ ದುಡ್ಡಿಗಿಂತ ಇದರಿಂದ ಹೆಚ್ಚು ಪ್ರಯೋಜನ ಕಂಡಿದ್ದೇನೆ.

ಹೆಜ್ಜೆ 6: ಬಿಡುವಾದ ಹೊತ್ತಿಗೆ ಏನಾದರೂ ಬೇಕು

ಗ್ರಾಮ ಪಂಚಾಯಿತಿಯ ಗ್ರಂಥಾಲಯಗಳು ಈಗ ಅರಿವು ಕೇಂದ್ರಗಳು. "ಓದುವ ಬೆಳಕು" ಕಾರ್ಯಕ್ರಮದಲ್ಲಿ ಮಕ್ಕಳಿಗೆ ಉಚಿತ ಸದಸ್ಯತ್ವ ಇದೆ. ಹೋಗಿ ಹೆಸರು ಬರೆಸಿ. ಸಂಜೆ ಶಾಲೆಯ ಮೈದಾನದ ಗೇಟು ತೆಗೆದಿಡುವಂತೆ ಎಸ್‌ಡಿಎಂಸಿಯಲ್ಲಿ (ಶಾಲಾಭಿವೃದ್ಧಿ ಸಮಿತಿಯಲ್ಲಿ) ಕೇಳಿ. ಹುಡುಗರಿಗೆ ವಾಲಿಬಾಲ್, ಕಬಡ್ಡಿಗೆ ಹೇಗೂ ಜಾಗ ಸಿಗುತ್ತದೆ, ಹುಡುಗಿಯರಿಗೆ ಸಿಗುವುದಿಲ್ಲ. ಸಂಜೆಯಾದರೆ ಒಳಗೇ ಕೂರಬೇಕಾದ ಹುಡುಗಿಗೆ ಫೋನ್ ಬಿಟ್ಟು ಬೇರೇನಿದೆ? ಅವಳಿಗೆ ಖೋ ಖೋ ಆಡಲು ಒಂದು ಗಂಟೆ ಬಿಡಿಸಿಕೊಡುವುದೂ ಈ ಕೆಲಸದ ಒಂದು ಭಾಗ.

ಹೆಜ್ಜೆ 7: ಈ ಲಕ್ಷಣಗಳು ಕಂಡರೆ ಹತ್ತಿರ ಹೋಗಿ

ಫೋನ್ ಸದ್ದಾದರೆ ಬೆಚ್ಚುವುದು, ಪರದೆಯನ್ನು ಥಟ್ಟನೆ ಬೋರಲು ಹಾಕುವುದು, ಇದ್ದಕ್ಕಿದ್ದಂತೆ ಶಾಲೆಗೆ ಹೋಗಲ್ಲ ಎನ್ನುವುದು, ಊಟ ಬಿಡುವುದು, ಮನೆಯಲ್ಲಿ ಸಣ್ಣ ಮೊತ್ತದ ದುಡ್ಡು ಕಾಣೆಯಾಗುವುದು. ಹೆಣ್ಣುಮಕ್ಕಳು ಬಣ್ಣದ ಬಗ್ಗೆ, ದಪ್ಪ ಸಣ್ಣದ ಬಗ್ಗೆ ಮತ್ತೆ ಮತ್ತೆ ಮಾತಾಡುತ್ತಿದ್ದರೆ ಫಿಲ್ಟರ್ ಹಾಕಿದ ಮುಖಗಳ ಜೊತೆ ತಮ್ಮನ್ನು ಹೋಲಿಸಿಕೊಳ್ಳುತ್ತಿರಬಹುದು. ಹೆಸರಿಲ್ಲದೆ ಬರೆಯುವ ಕನ್ಫೆಷನ್ ಪೇಜ್, ಟ್ರೋಲ್ ಪೇಜ್‌ಗಳನ್ನು ಕ್ಲಾಸಿನ ಮಕ್ಕಳೇ ಮಾಡಿಕೊಂಡಿರುತ್ತಾರೆ. ಒಬ್ಬರ ಜಾತಿ, ಬಣ್ಣ, ಯಾರೊಂದಿಗೋ ಮಾತಾಡಿದ್ದು ಅಲ್ಲಿ ಇಡೀ ಶಾಲೆಗೆ ಹರಡುತ್ತದೆ. "ಏನಾಯ್ತು ಹೇಳು" ಎಂದು ಪಟ್ಟು ಹಿಡಿಯಬೇಡಿ. ಜೊತೆಯಲ್ಲಿ ಕೂತು ಏನಾದರೂ ಕೆಲಸ ಮಾಡುತ್ತಾ, "ನಿಮ್ ಕ್ಲಾಸಲ್ಲಿ ಯಾರಿಗಾದ್ರೂ ಇಂಥದ್ದು ಆಗಿದ್ಯಾ?" ಎಂದು ಕೇಳಿ. ಬೇರೆಯವರ ಕತೆಯಾಗಿ ಶುರುವಾದದ್ದು ತನ್ನದೇ ಕತೆಯಾಗಿ ಮುಗಿಯುತ್ತದೆ.

ಹೆಜ್ಜೆ 8: ಯಾರೋ ಬೆದರಿಸುತ್ತಿದ್ದಾರೆ ಎಂದು ತಿಳಿದ ದಿನ

ಹೆಚ್ಚಾಗಿ ನಡೆಯುವುದು ಹೀಗೆ. ಚಂದದ ಫೋಟೋ ಇರುವ ಒಂದು ಅಕೌಂಟ್ ಫಾಲೋ ಮಾಡುತ್ತದೆ, ದಿನಾ ಮಾತಾಡುತ್ತದೆ, ಒಂದು ಖಾಸಗಿ ಫೋಟೋ ಅಥವಾ ವಿಡಿಯೊ ಕಾಲ್ ಕೇಳುತ್ತದೆ. ಸಿಕ್ಕಿದ ಮೇಲೆ ದುಡ್ಡಿಗೋ ಇನ್ನಷ್ಟು ಫೋಟೋಗೋ ಬೆದರಿಕೆ. ಗಂಡುಮಕ್ಕಳೂ ಇದಕ್ಕೆ ಸಿಕ್ಕಿಬೀಳುತ್ತಾರೆ, ಹೇಳಿಕೊಳ್ಳಲು ಇನ್ನೂ ಹೆಚ್ಚು ನಾಚುತ್ತಾರೆ. ಕೆಲವು ಸಲ ಫೋಟೋವನ್ನೇ ಕಳಿಸಿರುವುದಿಲ್ಲ; ಪ್ರೊಫೈಲ್ ಚಿತ್ರ ತೆಗೆದುಕೊಂಡು ಕೃತಕವಾಗಿ ಮಾಡಿರುತ್ತಾರೆ.

ಆ ದಿನ ಮೊದಲು ಮಗುವಿಗೆ "ಹೇಳಿದ್ದು ಒಳ್ಳೇದಾಯ್ತು, ಇನ್ನು ನಾನು ನೋಡ್ಕೋತೀನಿ" ಎನ್ನಿ. ಆ ರಾತ್ರಿ ಒಂಟಿಯಾಗಿ ಮಲಗಿಸಬೇಡಿ. ದುಡ್ಡು ಕೊಡಬೇಡಿ, ಕೊಟ್ಟವರಿಗೆ ಬೇಡಿಕೆ ಹೆಚ್ಚುತ್ತದೆಯೇ ಹೊರತು ನಿಲ್ಲುವುದಿಲ್ಲ. ಗಾಬರಿಯಲ್ಲಿ ಚಾಟ್ ಅಳಿಸಬೇಡಿ. ಬೆದರಿಕೆಯ ಮೆಸೇಜ್, ಅಕೌಂಟಿನ ಹೆಸರು, ಫೋನ್ ನಂಬರ್, ದುಡ್ಡು ಕೇಳಿದ ಯುಪಿಐ ಐಡಿ, ದಿನ ಮತ್ತು ಹೊತ್ತು ಕಾಣುವಂತೆ ಸ್ಕ್ರೀನ್‌ಶಾಟ್ ತೆಗೆಯಿರಿ. ಬ್ಲಾಕ್ ಮಾಡುವುದು ಅದಾದ ಮೇಲೆ. ಖಾಸಗಿ ಚಿತ್ರವನ್ನು ಮಾತ್ರ ಯಾರಿಗೂ ಫಾರ್ವರ್ಡ್ ಮಾಡಬೇಡಿ: ಭಾವನಿಗೂ ಬೇಡ, ಊರಿನ ಮುಖಂಡರಿಗೂ ಬೇಡ, ಶಾಲೆಗೂ ಬೇಡ. ಮಕ್ಕಳ ಅಂಥ ಚಿತ್ರ ಹಂಚುವುದು ಐಟಿ ಕಾಯ್ದೆಯ 67ಬಿ ಕಲಂ ಮತ್ತು ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ಕಾಯುವ ಪೋಕ್ಸೊ ಕಾಯ್ದೆಯಡಿ ಅಪರಾಧ. ನೋಡುವುದು, ಇಟ್ಟುಕೊಳ್ಳುವುದೂ ಅಪರಾಧವಾಗಬಹುದು ಎಂದು ಸುಪ್ರೀಂ ಕೋರ್ಟ್ 2024ರ ಸೆಪ್ಟೆಂಬರ್‌ನಲ್ಲಿ ಸ್ಪಷ್ಟವಾಗಿ ಹೇಳಿದೆ.

ದುಡ್ಡು ಹೋಗಿದ್ದರೆ ಕೂಡಲೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಎಷ್ಟು ಬೇಗ ಮಾಡುತ್ತೀರೋ ಹಣ ತಡೆಯುವ ಸಾಧ್ಯತೆ ಅಷ್ಟು ಹೆಚ್ಚು. ಕೇಂದ್ರ ಸರ್ಕಾರದ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ಮಹಿಳೆಯರು, ಮಕ್ಕಳಿಗೆ ಸಂಬಂಧಿಸಿದ ದೂರಿಗೆ ಬೇರೆ ವಿಭಾಗವಿದೆ, ಹೆಸರು ಹೇಳದೆಯೂ ಅಲ್ಲಿ ದೂರು ಕೊಡಬಹುದು. ನೇರವಾಗಿ ಹೋಗುವುದಾದರೆ ಜಿಲ್ಲಾ ಕೇಂದ್ರದಲ್ಲಿ ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳ) ಪೊಲೀಸ್ ಠಾಣೆ ಇದೆ. ಕೋಲಾರ, ತುಮಕೂರು, ಚಿಕ್ಕಬಳ್ಳಾಪುರ ಮೂರು ಕಡೆಯೂ ಇದೆ. ಚಿತ್ರ ಹರಡದಂತೆ ತಡೆಯಲು "ಟೇಕ್ ಇಟ್ ಡೌನ್" ಎಂಬ ಉಚಿತ ಸೇವೆಯುಂಟು. ಮಕ್ಕಳ ರಕ್ಷಣೆಗೆ ದುಡಿಯುವ ಅಮೆರಿಕದ ಎನ್‌ಸಿಎಂಇಸಿ ಸಂಸ್ಥೆ ನಡೆಸುವ ಇದರಲ್ಲಿ ಚಿತ್ರ ನಿಮ್ಮ ಫೋನ್ ಬಿಟ್ಟು ಹೊರಹೋಗುವುದಿಲ್ಲ; ಅದರ ಗುರುತಿನ ಸಂಖ್ಯೆಯಷ್ಟೇ ಹೋಗುತ್ತದೆ, ಇನ್‌ಸ್ಟಾಗ್ರಾಂ, ಫೇಸ್‌ಬುಕ್, ಸ್ನ್ಯಾಪ್‌ಚಾಟ್‌ನಂಥ ಕಂಪನಿಗಳು ಅದನ್ನು ಹಿಡಿದು ತಮ್ಮಲ್ಲಿ ಆ ಚಿತ್ರವನ್ನು ತೆಗೆಯುತ್ತವೆ. ವಾಟ್ಸ್ಆ್ಯಪ್ ಮೆಸೇಜ್‌ಗಳಿಗೆ ಇದು ಮುಟ್ಟುವುದಿಲ್ಲ.

"ಸ್ಟೇಷನ್ ಮೆಟ್ಟಿಲು ಹತ್ತಿದ್ರೆ ಮಾನ ಹೋಗುತ್ತೆ" ಎಂದು ಅಂಜುವವರಿಗೆ: ಪೋಕ್ಸೊ ಪ್ರಕಾರ ಮಗುವಿನ ಹೇಳಿಕೆಯನ್ನು ಮನೆಯಲ್ಲೇ ಅಥವಾ ಮಗು ಬಯಸಿದ ಜಾಗದಲ್ಲಿ ಪಡೆಯಬೇಕು, ಸಾಧ್ಯವಾದಷ್ಟೂ ಮಹಿಳಾ ಅಧಿಕಾರಿಯೇ ಬರಬೇಕು, ಸಮವಸ್ತ್ರದಲ್ಲಿ ಬರಬಾರದು, ರಾತ್ರಿ ಮಗುವನ್ನು ಠಾಣೆಯಲ್ಲಿ ಇರಿಸಿಕೊಳ್ಳಬಾರದು. ಮಗುವಿನ ಗುರುತು ಪತ್ರಿಕೆಯಲ್ಲಿ ಬರುವಂತಿಲ್ಲ. ಈ ಮಾತುಗಳನ್ನು ನೀವೇ ಅವರಿಗೆ ನೆನಪಿಸಿ. ಯಾರಾದರೂ ಇದೇ ನೆಪದಲ್ಲಿ ಹುಡುಗಿಯ ಓದು ಬಿಡಿಸಿ ಮದುವೆಗೆ ಓಡಾಡುತ್ತಿದ್ದರೆ ಮಕ್ಕಳ ಸಹಾಯವಾಣಿ 1098ಕ್ಕೆ ಹೇಳಿ. ಪಕ್ಕದ ಮನೆಯವರೂ ಹೇಳಬಹುದು, ಮಗುವೇ ಹೇಳಬಹುದು.

ಹೆಜ್ಜೆ 9: ಮನಸ್ಸು ಸರಿಹೋಗಲು

ಬೆದರಿಕೆ ನಿಂತ ಮೇಲೂ ಮಗು ಮಂಕಾಗಿದ್ದರೆ, ಸಾಯುವ ಮಾತಾಡಿದರೆ, ಫೋನ್ ಇಲ್ಲದೆ ಒಂದು ಗಳಿಗೆಯೂ ಇರಲಾರದಂತಾದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ. ಉಚಿತ, ದಿನದ 24 ಗಂಟೆ, ಕನ್ನಡದಲ್ಲೇ ಮಾತಾಡಬಹುದು. ಜಿಲ್ಲಾ ಆಸ್ಪತ್ರೆಯಲ್ಲಿ ಮನೋವೈದ್ಯರನ್ನು ಕಾಣಿ. ಹದಿಹರೆಯದವರಿಗೆಂದೇ ಸರ್ಕಾರಿ ಆಸ್ಪತ್ರೆಗಳಲ್ಲಿ ಸ್ನೇಹ ಕ್ಲಿನಿಕ್ ಇರುತ್ತದೆ, ಆಶಾ ಕಾರ್ಯಕರ್ತೆಯನ್ನು ಕೇಳಿದರೆ ದಿನ ಹೇಳುತ್ತಾರೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಮೊಬೈಲ್, ಇಂಟರ್‌ನೆಟ್ ಗೀಳಿಗೆಂದೇ 2014ರಿಂದ "ಶಟ್" ಕ್ಲಿನಿಕ್ ನಡೆಯುತ್ತಿದೆ. ಬಾಗೇಪಲ್ಲಿಯಿಂದಲೋ ಮುಳಬಾಗಿಲಿನಿಂದಲೋ ಒಂದು ದಿನದ ಕೂಲಿ ಬಿಟ್ಟು ಹೋಗಬೇಕಾದವರು ಹೊರಡುವ ಮೊದಲು ಯಾವ ದಿನ ನೋಡುತ್ತಾರೆ, ಏನೇನು ಕಾಗದ ತರಬೇಕು ಎಂದು ಫೋನ್ ಮಾಡಿ ಕೇಳಿಕೊಳ್ಳಿ. ಮಗುವನ್ನು ಹೊರಡಿಸುವಾಗ "ನಿನಗೆ ಹುಚ್ಚು ಬಿಡಿಸೋಕೆ" ಎನ್ನಬೇಡಿ. "ನಿದ್ದೆ ಸರಿ ಇಲ್ವಲ್ಲ, ಡಾಕ್ಟರ್ ಹತ್ರ ಒಂದ್ಸಲ ಮಾತಾಡ್ಕೊಂಡು ಬರೋಣ" ಎಂದರೆ ಸಾಕು, ಬರುತ್ತಾರೆ.